ಎಣ್ಣೆ ನೋಡುವ ಕೈ, ಅಗ್ಗದ ಥರ್ಮಾಮೀಟರ್

ಸವಣೂರಿನಲ್ಲಿ ಶೇವು, ಶೇಂಗಾ ಬೆರೆಸಿದ ಖಾರ ಕರಿಯುವವರ ಮನೆಯಲ್ಲಿ ಹುಟ್ಟಿದವಳಿಗೆ ಥರ್ಮಾಮೀಟರ್ ಕೊಳ್ಳುವುದೆಂದರೆ ಒಂದು ರೀತಿಯ ಅವಮಾನ. ಔಷಧಿ ಅಂಗಡಿಯ ಮೆಟ್ಟಿಲು ಹತ್ತುವಾಗ ನಾನು ನಿಜವಾಗಿಯೂ ಹಾಗೆ ಅಂದುಕೊಂಡಿದ್ದೆ. ಈಗ ಬರೆಯುವಾಗ ನಾಚಿಕೆಯಾಗುತ್ತದೆ. ಆದರೆ ಅಂದುಕೊಂಡಿದ್ದು ಹೌದು, ಇಲ್ಲವೆನ್ನಲಾರೆ.

ನಮ್ಮ ಕೆಲಸವೆಲ್ಲ ಕೈಯ ಅಂದಾಜಿನ ಮೇಲೆ ನಡೆಯುವಂಥದ್ದು. ಕಡಾಯಿಯ ಎಣ್ಣೆ ಎಷ್ಟು ಕಾದಿದೆ ಎಂದು ಹೇಳುವ ಯಂತ್ರ ನಮ್ಮಲ್ಲಿಲ್ಲ. ಎಣ್ಣೆಯ ಮೇಲೆ ಗೇಣು ಎತ್ತರದಲ್ಲಿ ಅಂಗೈ ಹಿಡಿದು ನೋಡಬೇಕು, ಅಷ್ಟೇ. ಶೇವು ಬಿಡುವ ಕಾವು ಬೇರೆ, ಶೇಂಗಾ ಕರಿಯುವ ಕಾವು ಬೇರೆ, ಬೆಳ್ಳುಳ್ಳಿಗೆ ಬೇಕಾದದ್ದು ಇನ್ನೂ ಬೇರೆ. ಅಪ್ಪ ಇದನ್ನು ಅಕ್ಕನಿಗೂ ನನಗೂ ಸಣ್ಣವರಿದ್ದಾಗಲೇ ಕಲಿಸಿದ. ಅಕ್ಕ ಯಾವಾಗಲೂ ತಪ್ಪುತ್ತಿದ್ದಳು. ಅವಳು ಹ್ಞೂಂ ಅಂದಾಗ ಶೇವು ಎಣ್ಣೆ ಕುಡಿದು ಮೆತ್ತಗಾಗುತ್ತಿತ್ತು, ಇಲ್ಲವೇ ಬಿಟ್ಟ ತಕ್ಷಣ ಕಪ್ಪಾಗುತ್ತಿತ್ತು. ನನ್ನ ಕೈ ತಪ್ಪುತ್ತಿರಲಿಲ್ಲ. "ದೊಡ್ಡಾಕಿ ಶಾಣ್ಯಾ ಅದಾಳ, ಆದ್ರ ಸಣ್ಣಾಕಿ ಕೈ ಖರೆ ಹೇಳತೈತಿ" ಎಂದು ಅಪ್ಪ ಬಂದವರ ಮುಂದೆಲ್ಲ ಹೇಳುತ್ತಿದ್ದ. ಅಕ್ಕ ನಗುತ್ತಿದ್ದಳು. ಅವಳಿಗೆ ಆ ಭಟ್ಟಿಯ ಮುಂದೆ ಕೂರುವ ಆಸೆಯೇ ಇರಲಿಲ್ಲ.

ಅಪ್ಪ ಇನ್ನೊಂದು ಮಾತನ್ನೂ ಹೇಳಿಕೊಟ್ಟಿದ್ದ. "ನೀರಾಗ ಅದ್ದಿದ ಕೈಲೆ ಎಣ್ಣಿ ನೋಡಬ್ಯಾಡ. ಭಟ್ಟಿ ಮುಂದ ಭಾಳೊತ್ತು ಕುಂತ ಕೈಲೇನೂ ನೋಡಬ್ಯಾಡ. ಎರಡೂ ಸುಳ್ಳು ಹೇಳ್ತಾವ." ಅದಕ್ಕೇ ಅವನು ಪ್ರತಿ ಸಲವೂ ಎದ್ದು ಬಾಗಿಲಿಗೆ ಹೋಗಿ, ಕೈ ಒರೆಸಿಕೊಂಡು, ಗಾಳಿಯಲ್ಲಿ ಒಂದಿಷ್ಟು ಹೊತ್ತು ನಿಂತು ಬಂದು ಎಣ್ಣೆ ನೋಡುತ್ತಿದ್ದ. ಅವನು ಹೋದ ಮೇಲೆ ಭಟ್ಟಿ ನನ್ನ ಪಾಲಿಗೆ ಬಂತು. ಮೂವತ್ತು ವರ್ಷ ನಾನೂ ಹಾಗೇ ಎದ್ದು ಹೋಗಿ, ನಿಂತು, ಬಂದು ನೋಡಿದ್ದೇನೆ. ಎಣ್ಣೆಗೆ ಮಾತ್ರ.

ನನ್ನ ಕೈಯ ಹೆಸರು ಓಣಿಯಲ್ಲೂ ಹಬ್ಬಿತ್ತು. ಮಗುವಿನ ಮೈ ಬೆಚ್ಚಗಾದರೆ ತಾಯಂದಿರು ಎತ್ತಿಕೊಂಡು ನೇರ ನಮ್ಮ ಮನೆಗೆ ಬರುತ್ತಿದ್ದರು. ನಾನು ಕೊರಳಿಗೊಮ್ಮೆ, ಹೊಟ್ಟೆಗೊಮ್ಮೆ ಕೈ ಇಟ್ಟು ಜ್ವರ ಐತಿ, ಇಲ್ಲ ಎಂದು ತೀರ್ಪು ಕೊಡುತ್ತಿದ್ದೆ. ಅವರು ಅದನ್ನು ನಂಬಿ ಹೋಗುತ್ತಿದ್ದರು. ಬೆಳಿಗ್ಗೆ ಭಟ್ಟಿ ಹಚ್ಚುವ ಮೊದಲು ಬಂದ ಮಕ್ಕಳಿಗೆ ನಾನು ಸರಿಯಾಗಿಯೇ ಹೇಳಿರಬಹುದು. ಮಧ್ಯಾಹ್ನ ಬಂದವರ ಗತಿ ಏನಾಯಿತೋ, ಒಬ್ಬರೂ ತಿರುಗಿ ಬಂದು ಜಗಳ ತೆಗೆಯಲಿಲ್ಲ. ತೆಗೆದಿದ್ದರೆ ಚೆನ್ನಾಗಿತ್ತು.

ಅಕ್ಕನನ್ನು ಹಿರೇಕೆರೂರು ಕಡೆಯ ಒಂದು ಹಳ್ಳಿಗೆ ಕೊಟ್ಟಿದ್ದರು. ಹತ್ತಿ, ಗೋವಿನಜೋಳ ಬೆಳೆಯುವ ಮನೆ. ಮಕ್ಕಳಾಗಲಿಲ್ಲ. ಭಾವ ಒಳ್ಳೆಯ ಮನುಷ್ಯ, ಮಾತು ಕಡಿಮೆ. ಹೋದ ವರ್ಷ ಅಕ್ಕನ ಎದೆಯಲ್ಲಿ ಗಂಟು ಕಾಣಿಸಿತು. ಹುಬ್ಬಳ್ಳಿಯಲ್ಲಿ ಆಪರೇಶನ್ ಆಯಿತು. ಆಮೇಲೆ ಮೂರು ವಾರಕ್ಕೊಮ್ಮೆ ಕಿಮೋ ಕೊಡಬೇಕೆಂದರು. ಅವಳ ಹಳ್ಳಿಯಿಂದ ಹುಬ್ಬಳ್ಳಿಗೆ ಹೋಗಿ ಬರುವುದೆಂದರೆ ಗಟ್ಟಿ ಮನುಷ್ಯರಿಗೇ ಸುಸ್ತು. ನಮ್ಮಲ್ಲಿಂದಾದರೆ ಶಿಗ್ಗಾಂವಿ ದಾಟಿ ಹೆದ್ದಾರಿ ಹಿಡಿದರೆ ಮುಗಿಯಿತು. "ನಮ್ಮನ್ಯಾಗ ಇರ್ಲಿ ಬಿಡ್ರಿ, ನಾ ನೋಡ್ಕೋತೇನಿ" ಎಂದು ಭಾವನಿಗೆ ನಾನೇ ಹೇಳಿದೆ. ಎಮ್ಮೆಗಳನ್ನು ಬಿಟ್ಟು ಅವರು ಬರುವಂತಿರಲಿಲ್ಲ. ಭಾನುವಾರಕ್ಕೊಮ್ಮೆ ಬಂದು, ಅಕ್ಕನ ಹಾಸಿಗೆಯ ಪಕ್ಕ ಒಂದು ತಾಸು ಸುಮ್ಮನೆ ಕುಂತು ಹೋಗುತ್ತಿದ್ದರು.

ಮೊದಲ ಕಿಮೋ ಮುಗಿದ ದಿನ ಹುಬ್ಬಳ್ಳಿಯ ಡಾಕ್ಟರು ನಮ್ಮಿಬ್ಬರನ್ನೂ ಎದುರು ಕೂರಿಸಿಕೊಂಡರು. ವಯಸ್ಸಿನಲ್ಲಿ ಸಣ್ಣವರು, ಆದರೆ ಮಾತು ಖಡಕ್ಕು. "ಈ ಔಷಧಿ ಕೊಟ್ಟ ಎಂಟು ಹತ್ತು ದಿನಕ್ಕ ಮೈಯಾಗಿನ ಬಿಳಿ ರಕ್ತಕಣ ಇಳೀತಾವ. ಆವಾಗ ಜ್ವರ ಬಂತಂದ್ರ ಅದು ಸಾದಾ ಜ್ವರ ಅಲ್ಲ. ಮನ್ಯಾಗ ಒಂದು ಥರ್ಮಾಮೀಟರ್ ಇಟ್ಕೋರಿ. ನೂರು ಪಾಯಿಂಟ್ ನಾಲ್ಕು ದಾಟಿತಂದ್ರ ನಾಳೆ ಬರ್ತೀವಿ ಅನ್ನಂಗಿಲ್ಲ. ಆ ತಾಸಿನಾಗ ಗಾಡಿ ಹತ್ತಬೇಕು." ಫೈಲಿನ ಮೊದಲ ಹಾಳೆಯ ಮೇಲೆ ಆ ಅಂಕಿಯನ್ನು ಕೆಂಪು ಪೆನ್ನಿನಿಂದ ಬರೆದು ಸುತ್ತಲೂ ಗೆರೆ ಎಳೆದುಕೊಟ್ಟರು.

ಹೊರಗೆ ಬಂದ ಮೇಲೆ ಅಕ್ಕ ನನ್ನ ಕೈ ಹಿಡಿದು, "ಥರ್ಮಾಮೀಟರ್ ಯಾಕ ಬೇಕವಾ? ನಿನ್ನ ಕೈ ಇಲ್ಲೇನ?" ಅಂದಳು. ನಾನು ಹಿಗ್ಗಿದೆ. ಡಾಕ್ಟರು ಹೇಳಿದ್ದಾರೆ, ಇರಲಿ ಬಿಡು ಒಂದು, ಎಂದು ದೊಡ್ಡ ಮನಸ್ಸು ಮಾಡಿದವಳ ಹಾಗೆ ಹೇಳಿದೆ.

ಮರುದಿನ ಭಟ್ಟಿಯಿಂದ ಎದ್ದು ಹಾಗೇ ಔಷಧಿ ಅಂಗಡಿಗೆ ಹೋದೆ. ಅಂಗಡಿಯವನು ನಮ್ಮ ಖಾರದ ಹಳೆಯ ಗಿರಾಕಿ. ಮೂರು ನಮೂನೆ ತೆಗೆದು ಮುಂದಿಟ್ಟ. ಒಂದು ಗಾಜಿನದು, ಒಳಗೆ ಪಾದರಸ. ಅದನ್ನು ಅವನೇ ಬೇಡವೆಂದ. ಬಿದ್ದು ಒಡೆದರೆ ಪಾದರಸ ಮನೆ ತುಂಬ ಹರಿದಾಡುತ್ತದೆ, ಗೆರೆ ಓದುವುದಕ್ಕೂ ಕಣ್ಣು ಚುರುಕಿರಬೇಕು. ಇನ್ನೊಂದು ಕರೋನಾ ಕಾಲದಲ್ಲಿ ಎಲ್ಲರ ಹಣೆಗೂ ಹಿಡಿಯುತ್ತಿದ್ದರಲ್ಲ, ಆ ಪಿಸ್ತೂಲಿನಂಥದ್ದು. ಬೆಲೆ ಮೂರರಲ್ಲೂ ಹೆಚ್ಚು. ತಮಾಷೆಗೆಂದು ಅದನ್ನು ನನ್ನ ಹಣೆಗೆ ಹಿಡಿದ. ಕೆಂಪು ದೀಪ ಹತ್ತಿ ಕಿರುಚಿಕೊಂಡಿತು.

"ನಂಗ ಜ್ವರ ಐತೇನ ಹಂಗಾರ?" ಎಂದು ನಕ್ಕೆ.

"ಭಟ್ಟಿ ಮುಂದಿಂದ ಎದ್ದು ಬಂದೀರಿ, ಅಕ್ಕಾರ. ಹಣಿ ಕಾದೈತಿ. ನೆರಳಾಗ ಒಂದೀಟು ಕುಂತು ನೋಡಿದ್ರ ಸರಿ ತೋರಸ್ತೈತಿ" ಅಂದ.

ಮೂರನೆಯದು ಡಿಜಿಟಲ್, ಬಿಳಿ ಪ್ಲಾಸ್ಟಿಕ್ಕಿನ ಕಡ್ಡಿ. ಗುಂಡಿ ಒತ್ತಿ ನಾಲಿಗೆಯ ಕೆಳಗೆ ಇಟ್ಟರೆ ಒಂದು ನಿಮಿಷಕ್ಕೆ ಕುಂಯ್ ಕುಂಯ್ ಅನ್ನುತ್ತದೆ. ಅದರಲ್ಲೇ ಎರಡು ದರದವಿದ್ದವು. ಹೆಚ್ಚಿನ ದರದ್ದಕ್ಕೆ ತುದಿ ಬಾಗುತ್ತಿತ್ತು, ಜ್ವರವಿದ್ದರೆ ಬಣ್ಣ ಬದಲಾಗುತ್ತಿತ್ತು. "ಲೆಕ್ಕ ಎರಡರಾಗೂ ಒಂದ ಬರತೈತ್ರಿ. ಮನೀಗೆ ಈ ಕಡಿಮಿದು ಸಾಕು" ಎಂದು ಅವನೇ ಹೇಳಿದ. ಲಾಭ ಬಿಟ್ಟು ಹೇಳಿದ ಮಾತು. ನನಗೂ ಅದೇ ಬೇಕಿತ್ತು, ತೆಗೆದುಕೊಂಡೆ. ಡಬ್ಬಿಗೆ ಹಾಕುತ್ತಾ ಅವನು ಇನ್ನೂ ಒಂದೆರಡು ಮಾತು ಹೇಳಿದ. ಬಿಸಿಯದ್ದು ತಣ್ಣನೆಯದ್ದು ಏನೇ ಕುಡಿದರೂ ಅರ್ಧ ತಾಸು ಬಿಟ್ಟು ಬಾಯಲ್ಲಿ ಇಡಬೇಕು, ಚಹಾ ಕುಡಿದು ಇಟ್ಟರೆ ಚಹಾದ ಬಿಸಿಯನ್ನೇ ತೋರಿಸುತ್ತದೆ, ಅಂತ. ನಾನು ಹ್ಞೂಂ ಹ್ಞೂಂ ಅಂದೆ. ಮನಸ್ಸೆಲ್ಲ ಒಲೆಯ ಮೇಲೆ ಬಿಟ್ಟು ಬಂದ ಎಣ್ಣೆಯ ಮೇಲಿತ್ತು. ಕೇಳಿಸಿಕೊಂಡಿದ್ದು ಕಿವಿ ಮಾತ್ರ.

ಮೊದಲ ಕಿಮೋ ನಂತರ ಏನೂ ಆಗಲಿಲ್ಲ. ಅಕ್ಕ ಬೆಳಿಗ್ಗೆ ಸಂಜೆ ಶ್ರದ್ಧೆಯಿಂದ ಕಡ್ಡಿ ಬಾಯಲ್ಲಿ ಇಟ್ಟುಕೊಂಡು, ಅಂಕಿಯನ್ನು ಒಂದು ನೋಟ್‌ಬುಕ್ಕಿನಲ್ಲಿ ಬರೆಯುತ್ತಿದ್ದಳು. ತೊಂಬತ್ತೆಂಟರ ಆಸುಪಾಸು. ಕೂದಲು ಉದುರಿತು. ಬೋಳು ತಲೆಗೆ ಸೆರಗು ಹೊದ್ದು ಭಟ್ಟಿಯ ಕೋಣೆಯ ಹೊಸ್ತಿಲಲ್ಲಿ ಕುಂತು ಬೆಳ್ಳುಳ್ಳಿ ಸುಲಿದುಕೊಡುತ್ತಿದ್ದಳು. ಬೇಡವೆಂದರೂ ಕೇಳುತ್ತಿರಲಿಲ್ಲ. ನಲವತ್ತು ವರ್ಷಗಳ ಮೇಲೆ ಹಾಗೆ ಒಂದೇ ಕಡೆ ಕೂತಿದ್ದೆವು. ಆ ದಿನಗಳಲ್ಲಿ ನಾವು ಬಹಳ ನಕ್ಕಿದ್ದೇವೆ.

ಎರಡನೆಯ ಕಿಮೋ ಆಗಿ ಒಂಬತ್ತನೆಯ ದಿನ. ಗುರುವಾರ. ಹಾನಗಲ್ಲಿನಲ್ಲಿ ಒಂದು ದೊಡ್ಡ ಮನೆಯ ಕುಬುಸ ಇತ್ತು. ಬಸುರಿಗೆ ಉಡಿ ತುಂಬಿ, ಬಂದವರಿಗೆಲ್ಲ ಖಾರ ಹಂಚುತ್ತಾರಂತೆ. ಡಬ್ಬಿಗಟ್ಟಲೆ ಹೇಳಿದ್ದರು, ಶುಕ್ರವಾರ ಬೆಳಿಗ್ಗೆ ಅವರ ಗಾಡಿ ಬರುವುದಿತ್ತು. ನಾನು ಬೆಳಕು ಹರಿಯುತ್ತಲೇ ಭಟ್ಟಿಯ ಮುಂದೆ ಕುಂತಿದ್ದೆ. ನಮ್ಮ ಮನೆಯವರು ಹಿಟ್ಟು ಕಲಸಿಕೊಡುತ್ತಿದ್ದರು.

ಹನ್ನೊಂದು ಗಂಟೆಯ ಸುಮಾರಿಗೆ ಅಕ್ಕ ಕೌದಿ ಹೊದ್ದುಕೊಂಡು ಬಾಗಿಲಿಗೆ ಬಂದು ನಿಂತಳು. ಕೈಯಲ್ಲಿ ಕಡ್ಡಿ ಇತ್ತು.

"ಯಾಕೋ ಥಂಡಿ ಹತ್ತೇತಿ. ಇದು ನೂರಾ ಒಂದು ಪಾಯಿಂಟ್ ಎರಡು ತೋರಸಾಕತ್ತೈತಿ, ನೋಡು."

ನಾನು ಶೇವು ಎತ್ತುವ ಝಾರಿಯನ್ನು ಎಡಗೈಗೆ ಕೊಟ್ಟು, ಕುಂತಲ್ಲಿಂದಲೇ ಬಲಗೈ ಚಾಚಿದೆ. ಅವಳು ಬಾಗಿ ಕೊರಳು ಕೊಟ್ಟಳು. ತಣ್ಣಗಿತ್ತು. ಹಣೆ ಮುಟ್ಟಿದೆ, ಅದೂ ತಣ್ಣಗಿತ್ತು. ಐದು ತಾಸು ಬೆಂಕಿಯ ಮುಂದಿದ್ದ ಕೈಗೆ ನೂರಾ ಒಂದು ಡಿಗ್ರಿಯ ಮೈ ತಣ್ಣಗೆ ಹತ್ತದೆ ಇನ್ನೇನು?

"ಮೈ ತಣ್ಣಗೈತಲ್ಲ ಅಕ್ಕಾ. ಜ್ವರ ಎಲ್ಲೈತಿ?"

"ಮತ್ತ ಇದು?"

"ಅಗ್ಗದ ಮಾಲು, ಕೆಟ್ಟಿರಬೇಕು. ತಾ ಇಲ್ಲಿ."

ಆಗಷ್ಟೇ ಒಂದು ಲೋಟ ಚಹಾ ಕುಡಿದಿದ್ದೆ. ಲೋಟ ಇನ್ನೂ ನನ್ನ ಪಕ್ಕದಲ್ಲೇ ಇತ್ತು. ಕಡ್ಡಿಯನ್ನು ಸೆರಗಿಗೆ ಒರೆಸಿ ನನ್ನ ಬಾಯಲ್ಲಿ ಇಟ್ಟುಕೊಂಡೆ. ಕುಂಯ್ ಕುಂಯ್ ಅಂದಿತು. ನೂರು ಪಾಯಿಂಟ್ ಒಂಬತ್ತು. ಅಕ್ಕನಿಗೆ ತೋರಿಸಿದೆ. "ನೋಡು, ನಾನೂ ಸಾಯಾಕತ್ತೇನಿ" ಅಂದೆ. ಅಕ್ಕ ನಕ್ಕಳು. ನಾನೂ ನಕ್ಕೆ. ನಮ್ಮ ಮನೆಯವರು ಮಾತ್ರ ನಗಲಿಲ್ಲ. "ಒಮ್ಮೆ ಹುಬ್ಬಳ್ಳಿಗೆ ಫೋನರ ಹಚ್ಚು" ಅಂದರು. ಅವರ ಮೇಲೆ ರೇಗಿದೆ. ಹುಬ್ಬಳ್ಳಿಗೆ ಹೋದರೆ ಹಾನಗಲ್ಲಿನವರಿಗೆ ಏನು ಕೊಡುತ್ತೀರಿ, ನಿಮ್ಮ ತಲೆಯನ್ನೇ, ಎಂದು ಕೇಳಿದೆ.

ಅದನ್ನು ನಾನು ಮುಚ್ಚಿಡುವುದಿಲ್ಲ. ಕೈ ಮೋಸ ಮಾಡಿತು ಎಂದು ಹೇಳಿ ಪಾರಾಗಬಹುದು. ಆದರೆ ಆ ಕೈ ಹೇಳಿದ್ದು ನನಗೆ ಅನುಕೂಲವಾಗಿತ್ತು. ಎಣ್ಣೆಯ ವಿಷಯಕ್ಕಾಗಿದ್ದರೆ ಎದ್ದು ಬಾಗಿಲಿಗೆ ಹೋಗಿ, ಗಾಳಿಯಲ್ಲಿ ನಿಂತು, ಬಂದು ನೋಡುತ್ತಿದ್ದೆ. ಶೇವು ಕೆಡಬಾರದಲ್ಲ.

ಅಕ್ಕ, "ನಿನ್ನ ಕೈ ಹೇಳಿತಂದ್ರ ಮುಗೀತು" ಎಂದು ಒಳಗೆ ಹೋಗಿ ಮಲಗಿದಳು. ಅಪ್ಪ ಹೇಳಿಕೊಟ್ಟ ಮಾತು ಅವಳಿಗೂ ಗೊತ್ತಿತ್ತು. ಅವಳಿಗೂ ಆ ಹೊತ್ತಿಗೆ ನೆನಪಾಗಲಿಲ್ಲವೋ, ನೆನಪಾಗಿಯೂ ಮತ್ತೆ ಆ ಆಸ್ಪತ್ರೆಯ ಹಾಸಿಗೆ ಬೇಡವೆನಿಸಿತೋ, ಇನ್ನು ಕೇಳುವುದು ಯಾರನ್ನು? ಸಂಜೆ ಅನ್ನ ಬೇಡವೆಂದಳು. ಮತ್ತೊಮ್ಮೆ ಭಟ್ಟಿಯಿಂದ ಎದ್ದು ಬಂದ ಕೈಯಿಂದಲೇ ಮುಟ್ಟಿದೆ. ತಣ್ಣಗಿತ್ತು. ಸುಸ್ತಾಗಿದೆ, ಮಲಗಲಿ ಎಂದುಕೊಂಡು ಡಬ್ಬಿಗಳಿಗೆ ಖಾರ ತುಂಬಲು ಕುಂತೆ. ಕಡ್ಡಿಯನ್ನು ಶೆಲ್ಫಿನಲ್ಲಿ ಅರಿಷಿಣದ ಡಬ್ಬಿಯ ಹಿಂದೆ ಎಸೆದಿದ್ದೆ. ಆ ಸಂಜೆ ಅವಳೂ ಅದನ್ನು ಕೇಳಲಿಲ್ಲ. ನೋಟ್‌ಬುಕ್ಕಿನಲ್ಲಿ ಗುರುವಾರದ ಸಾಲು ಖಾಲಿ ಇದೆ.

ಶುಕ್ರವಾರ ಬೆಳಿಗ್ಗೆ ಹಿತ್ತಲಲ್ಲಿ ತಣ್ಣೀರಿನಲ್ಲಿ ಪಾತ್ರೆ ತೊಳೆದು, ಒದ್ದೆ ಕೈಯಲ್ಲೇ ಅವಳನ್ನು ಎಬ್ಬಿಸಲು ಹೋದೆ. ಭುಜ ಮುಟ್ಟಿದವಳು ಕೈ ಹಿಂದಕ್ಕೆಳೆದುಕೊಂಡೆ. ಕಾದ ಹಂಚು ಮುಟ್ಟಿದ ಹಾಗಾಯಿತು. ಅಕ್ಕ ಕಣ್ಣು ತೆರೆದಳು, ಆದರೆ ನನ್ನನ್ನು ನೋಡಿ ಅವ್ವಾ ಅಂದಳು. ನಮ್ಮ ಅವ್ವ ಸತ್ತು ಯಾವ ಕಾಲವಾಯಿತು! ನಾನು ಕೂಗಿಕೊಂಡೆ. ನಮ್ಮ ಮನೆಯವರು ಕಾರು ತರಲು ಓಡಿದರು. ಅವರು ಬರುವಷ್ಟರಲ್ಲಿ ಹಾನಗಲ್ಲಿನ ಗಾಡಿ ಬಂದು ಬಾಗಿಲಲ್ಲಿ ನಿಂತಿತು. ನಾನು ಡಬ್ಬಿಗಳನ್ನು ಎಣಿಸಿ ಕೊಟ್ಟೆ. ಒಳಗೆ ಅಕ್ಕ ಅವ್ವನನ್ನು ಕರೆಯುತ್ತಿದ್ದಳು, ನಾನು ಹೊರಗೆ ಡಬ್ಬಿ ಎಣಿಸುತ್ತಿದ್ದೆ.

ಹುಬ್ಬಳ್ಳಿಯಲ್ಲಿ ಅದೇ ಡಾಕ್ಟರು. ಅಕ್ಕನನ್ನು ಒಳಗೆ ಒಯ್ದ ಮೇಲೆ ಹೊರಗೆ ಬಂದು ಕೇಳಿದರು. "ಇಷ್ಟು ತಡಾ ಯಾಕ ಮಾಡಿದ್ರಿ? ಜ್ವರ ನೋಡಲಿಲ್ಲೇನು?" ಅಷ್ಟು ಹೊತ್ತಿಗೆ ಫೋನು ಹೋಗಿ ಭಾವನೂ ಬಂದು ನನ್ನ ಪಕ್ಕದಲ್ಲೇ ನಿಂತಿದ್ದರು.

"ನೋಡಿದ್ವಿರಿ" ಅಂದೆ. "ಥರ್ಮಾಮೀಟರ್ ಕೆಟ್ಟಿತ್ರಿ. ಸರಿ ತೋರಿಸಲಿಲ್ಲ."

ಡಾಕ್ಟರು ಫೈಲು ಮುಚ್ಚಿದರು. ರಕ್ತದಲ್ಲಿ ನಂಜು ಸೇರಿದೆ, ನಿನ್ನೆಯೇ ಬಂದಿದ್ದರೆ ಔಷಧಿ ಹಿಡಿಯುತ್ತಿತ್ತೇನೋ ಅಂದರು. ಸೋಮವಾರ ಮಧ್ಯಾಹ್ನ ಅಕ್ಕ ಹೋದಳು. ಅವರ ಹೊಲದಲ್ಲೇ ಮಣ್ಣು ಮಾಡಿದರು. ಬಂದವರೆಲ್ಲ ನನ್ನನ್ನು ಹಿಡಿದುಕೊಂಡು, ಕಡೆಗಾಲದಲ್ಲಿ ಎಷ್ಟು ಚೆನ್ನಾಗಿ ನೋಡಿಕೊಂಡೆ ತಾಯೀ ಎಂದು ಅತ್ತರು. ನಾನು ಸುಮ್ಮನೆ ಅನ್ನಿಸಿಕೊಂಡೆ.

ತಿಂಗಳು ಕಳೆದ ಮೇಲೆ ಅಕ್ಕನ ಸಾಮಾನು ಒಯ್ಯಲು ಭಾವ ಬಂದರು. ಸೀರೆಗಳು, ಕೌದಿ, ಆಸ್ಪತ್ರೆಯ ಫೈಲು, ನೋಟ್‌ಬುಕ್ಕು. ಎಲ್ಲವನ್ನೂ ಚೀಲಕ್ಕೆ ತುಂಬಿದ ಮೇಲೆ, "ಆ ಥರ್ಮಾಮೀಟರ್ ಎಲ್ಲೈತಿ?" ಎಂದು ಕೇಳಿದರು. ಅರಿಷಿಣದ ಡಬ್ಬಿಯ ಹಿಂದಿನಿಂದ ತೆಗೆದುಕೊಟ್ಟೆ. "ಯಾವ ಅಂಗಡ್ಯಾಂವ ಕೊಟ್ಟಾನ, ತೋರಸು ನಡಿ." ಅವರ ದನಿ ಅಷ್ಟು ಗಟ್ಟಿಯಾದದ್ದನ್ನು ನಾನು ಕೇಳಿರಲೇ ಇಲ್ಲ.

ಮನೆಯಿಂದ ಅಂಗಡಿಗೆ ನಡೆದರೆ ಹತ್ತು ನಿಮಿಷ. ಅಷ್ಟರಲ್ಲಿ ನಿಜ ಹೇಳಲು ಬೇಕಾದಷ್ಟು ಸಮಯವಿತ್ತು. ಹೇಳಬೇಕೆಂದು ಎರಡು ಸಲ ಬಾಯಿ ತೆರೆದೆ. ಒಮ್ಮೆ ಬಿಸಿಲು ಜೋರಾಗಿದೆ ಅಂದೆ, ಇನ್ನೊಮ್ಮೆ ಬಸ್ಸು ಎಷ್ಟೊತ್ತಿಗೆ ಎಂದು ಕೇಳಿದೆ.

ಅಂಗಡಿಯಲ್ಲಿ ನಾಲ್ಕಾರು ಮಂದಿ ಇದ್ದರು. ಭಾವ ಕಡ್ಡಿಯನ್ನು ಗಾಜಿನ ಮೇಜಿನ ಮೇಲೆ ಕುಕ್ಕಿದರು. "ಕೆಟ್ಟ ಮಾಲು ಮಾರಿ ನನ್ನ ಹೇಣ್ತೀನ ಕೊಂದಿ ನೀನು" ಅಂದರು. ಅಂಗಡಿಯವನು ಬೆಳ್ಳಗಾದ. ನನ್ನ ಮುಖ ನೋಡಿದ. ನಾನು ನೆಲ ನೋಡಿದೆ. ಅವನು ಸಿಟ್ಟಾಗಲಿಲ್ಲ. ಕಡ್ಡಿಯನ್ನು ತೆಗೆದು ಗುಂಡಿ ಒತ್ತಿ ನೋಡಿ, "ಚಾ ಕುಡದು ಬಾಯಾಗ ಇಟ್ಟಿದ್ರೇನ್ರಿ?" ಎಂದು ಕೇಳಿದ.

"ಥಂಡಿ ಹತ್ತಿ ನಡಗಾಕಿ ಚಾ ಎಲ್ಲಿ ಕುಡೀತಾಳ?" ಅಂದರು ಭಾವ.

ಆಗ ಅವನು ಒಳಗಿನಿಂದ ಆ ಹೆಚ್ಚಿನ ದರದ ಹೊಸ ಥರ್ಮಾಮೀಟರ್ ತಂದು ಡಬ್ಬಿ ಒಡೆದ. ಭಾವನನ್ನು ಸ್ಟೂಲಿನ ಮೇಲೆ ಕೂರಿಸಿ, ಫ್ಯಾನಿನ ಗಾಳಿಯಲ್ಲಿ ಬೆವರು ಆರುವ ತನಕ ಬಿಟ್ಟ. ಆಮೇಲೆ ಹೊಸದನ್ನು ಎಡ ಬಗಲಿಗೆ, ನಮ್ಮದನ್ನು ಬಲ ಬಗಲಿಗೆ ಇಟ್ಟ. ಇದ್ದವರೆಲ್ಲ ಸುತ್ತ ನಿಂತು ನೋಡಿದರು. ಅರವತ್ತು ದಾಟಿದ ಆ ಮನುಷ್ಯ ಅಂಗಿಯ ಗುಂಡಿ ಬಿಚ್ಚಿ, ಎರಡೂ ತೋಳು ಬಿಗಿ ಹಿಡಿದುಕೊಂಡು, ಮಗುವಿನ ಹಾಗೆ ಕೂತಿದ್ದರು. ನಮ್ಮದು ಮೊದಲು ಕೂಗಿತು, ಆಮೇಲೆ ಹೊಸದು. ಒಂದರಲ್ಲಿ ತೊಂಬತ್ತೇಳು ಪಾಯಿಂಟ್ ಎಂಟು, ಇನ್ನೊಂದರಲ್ಲಿ ತೊಂಬತ್ತೇಳು ಪಾಯಿಂಟ್ ಒಂಬತ್ತು. ಅಂಗಡಿಯವನು ಎರಡನ್ನೂ ಭಾವನ ಕಣ್ಣ ಮುಂದೆ ಹಿಡಿದ.

ಭಾವ ಎರಡೂ ಅಂಕಿ ಓದಿದರು. ಗುಂಡಿ ಹಾಕಿಕೊಂಡು, ನಮ್ಮ ಕಡ್ಡಿಯನ್ನು ಕಿಸೆಗೆ ಇಟ್ಟುಕೊಂಡು ಎದ್ದು, "ತಪ್ಪಾತು. ಮನಸ್ಸಿಗೆ ಹಚ್ಕೋಬ್ಯಾಡ್ರಿ" ಎಂದು ಅಂಗಡಿಯವನಿಗೆ ಕೈ ಮುಗಿದರು. ನಾನು ಮುಗಿಯಬೇಕಾಗಿದ್ದ ಕೈ ಅದು.

ಅವರು ಚೀಲ ಹಿಡಿದು ಬಸ್ ನಿಲ್ದಾಣಕ್ಕೆ ನಡೆದರು, ನಾನು ಹಿಂದೆ ಹೋದೆ. ಹಾವೇರಿ ಬಸ್ಸು ನಿಂತಿತ್ತು, ಅಲ್ಲಿಂದ ಹಿರೇಕೆರೂರಿಗೆ ಇನ್ನೊಂದು ಹಿಡಿಯಬೇಕು. ಅಕ್ಕನ ಸೀರೆಯ ಚೀಲವನ್ನು ಕಾಲ ಬಳಿ ಇಟ್ಟು, ನನ್ನ ಕಡೆ ತಿರುಗದೆ ಕೇಳಿದರು.

"ಅವತ್ತ ಅದು ಎಷ್ಟು ತೋರಿಸಿತ್ತು?"

ಈ ಅಂಕಿಯನ್ನು ನಾನು ಡಾಕ್ಟರಿಗೆ ಹೇಳಿರಲಿಲ್ಲ. ನಮ್ಮ ಮನೆಯವರೂ ಯಾರ ಮುಂದೆಯೂ ಎತ್ತಿರಲಿಲ್ಲ.

"ನೂರಾ ಒಂದು ಪಾಯಿಂಟ್ ಎರಡ್ರಿ."

"ಎಷ್ಟೊತ್ತಿಗೆ?"

"ಗುರುವಾರ. ಹನ್ನೊಂದಕ್ಕ."

"ನೀ ಏನ ಮಾಡಾಕತ್ತಿದ್ದಿ?"

"ಖಾರ ಕರಿಯಾಕತ್ತಿದ್ದೆರಿ."

ಕಂಡಕ್ಟರ್ ಸೀಟಿ ಊದಿದ. ಭಾವ ಚೀಲ ಎತ್ತಿಕೊಂಡರು. ಬಯ್ಯುತ್ತಾರೆ ಎಂದು ಕಾದೆ, ಬೈದಿದ್ದರೆ ಅಲ್ಲೇ ಕಾಲು ಹಿಡಿಯುತ್ತಿದ್ದೆ. ಅವರು ಕಿಸೆಯಿಂದ ನಮ್ಮ ಅದೇ ಥರ್ಮಾಮೀಟರ್ ತೆಗೆದು ನನ್ನ ಬಲಗೈಯಲ್ಲಿ ಇಟ್ಟರು.

"ಇಟ್ಕೋ. ಚಲೋ ಐತಿ. ಓಣ್ಯಾಗ ಯಾರಿಗರ ಬೇಕಾಗತೈತಿ" ಎಂದು ಹೇಳಿ ಬಸ್ಸು ಹತ್ತಿದರು.